ಮಿಕ್ಕ ಪುಟಗಳೆಲ್ಲ ಯಾರದ್ದು?

ಮಂಗಳವಾರ ಊಟದ ಬಿಡುವಿನಲ್ಲಿ ಆದ ಮಾತು ಇದು. ಇವತ್ತು ಶನಿವಾರ, ಇನ್ನೂ ತಲೆಯಿಂದ ಇಳಿದಿಲ್ಲ.

ನಾನು ಟ್ರೂ ಕ್ರೈಮ್ ಪುಸ್ತಕ ಓದಲು ಶುರು ಮಾಡಿ 15 ವರ್ಷ ಆಗಿದೆ. ಪತ್ತೇದಾರಿ ಕಾದಂಬರಿ ನನಗೆ ಹಿಡಿಸುವುದಿಲ್ಲ. ನಿಜವಾಗಿ ನಡೆದ ಕೊಲೆ, ತನಿಖೆ, ಕೋರ್ಟು, ಆಮೇಲೆ ಏನಾಯಿತು ಅನ್ನೋದು, ಇದೇ ಬೇಕು. ಅವತ್ತೂ ಒಂದನ್ನು ಹಿಡಿದುಕೊಂಡು ಮೂಲೆಯಲ್ಲಿ ಕೂತಿದ್ದೆ. ಪಕ್ಕದ ಸೆಕ್ಷನ್ನಿನ ಮೇಡಂ ಬಂದು ಎದುರಿಗೆ ಕೂತರು. ಆರು ವರ್ಷದ ಪರಿಚಯ. ಮಾತು ಕಡಿಮೆ, ಆದರೆ ಯಾರ ಮಗುವಿಗೋ ಜ್ವರ ಅಂತ ಕಿವಿಗೆ ಬಿದ್ದರೆ ಮರುದಿನ ನೆನಪಿಟ್ಟುಕೊಂಡು ವಿಚಾರಿಸುವವರು.

"ಏನು ಓದ್ತಾ ಇದ್ದೀರಿ?" ಅಂದರು. ನಾನು ಹುರುಪಿನಿಂದ ಹೇಳತೊಡಗಿದೆ. ಒಬ್ಬ ಹುಡುಗಿಯ ಕೊಲೆ, ಮೊದಲು ಯಾರನ್ನೋ ತಪ್ಪಾಗಿ ಹಿಡಿದರು, ಎಷ್ಟೋ ವರ್ಷದ ಮೇಲೆ ನಿಜವಾದವನು ಸಿಕ್ಕ, ಅವನ ಬಾಲ್ಯ ಹೇಗಿತ್ತು, ಅವನ ತಲೆ ಹೇಗೆ ಓಡುತ್ತಿತ್ತು ಅನ್ನುವುದನ್ನು ಎಷ್ಟು ಚೆನ್ನಾಗಿ ಬಿಡಿಸಿಟ್ಟಿದ್ದಾರೆ ಗೊತ್ತಾ, ಹೀಗೆ. ಅವರು ಪೂರ್ತಿ ಕೇಳಿಸಿಕೊಂಡರು.

"ಆ ಹುಡುಗಿ ಎಷ್ಟನೇ ಪುಟದಲ್ಲಿ ಸಾಯ್ತಾಳೆ?"

ಪುಟ ತಿರುಗಿಸಿ ನೋಡಿದೆ. "ಹನ್ನೊಂದು."

"ಒಟ್ಟು ಎಷ್ಟು ಪುಟ ಇದೆ?"

"ಮುನ್ನೂರ ನಲವತ್ತು ಚಿಲ್ಲರೆ."

"ಹಾಗಾದ್ರೆ ಮಿಕ್ಕ ಪುಟಗಳೆಲ್ಲ ಯಾರದ್ದು?"

ದನಿಯಲ್ಲಿ ಸಿಟ್ಟು ಇರಲಿಲ್ಲ. ಲೆಕ್ಕದಲ್ಲಿ ಬಾಕಿ ಎಷ್ಟು ಅಂತ ಕೇಳುವ ಹಾಗೆ ಕೇಳಿದರು. ನಾನು ಏನೋ ಹೇಳಲು ಹೋದೆ, ತನಿಖೆ, ಸಾಕ್ಷಿ, ವಕೀಲರು ಅಂತ. ಅವರು ತಲೆ ಆಡಿಸಿದರು. ಆಮೇಲೆ ಹೇಳಿದರು. ಅವರ ತಮ್ಮನ ಕೊಲೆ ಆಗಿತ್ತು. 19 ವರ್ಷದ ಹಿಂದೆ. ಆ ಕೇಸು ಒಂದು ಪುಸ್ತಕದಲ್ಲಿ ಒಂದು ಅಧ್ಯಾಯವಾಗಿ ಬಂದಿದೆ. ಬರೆದವರು ಮನೆಗೆ ಬಂದಿರಲಿಲ್ಲ, ಫೋನೂ ಮಾಡಿರಲಿಲ್ಲ. ಯಾರೋ ನೆಂಟರು ಓದಿ ಹೇಳಿದ ಮೇಲೆಯೇ ಮನೆಯವರಿಗೆ ಗೊತ್ತಾಗಿದ್ದು. ಕೊಂದವನ ಶಾಲೆ, ಅವನ ಅಪ್ಪನ ಕುಡಿತ, ಅವನು ಚಿಕ್ಕವನಿದ್ದಾಗ ಸಾಕಿದ ನಾಯಿಮರಿ ಎಲ್ಲ ಅದರಲ್ಲಿ ಇದೆಯಂತೆ. ತಮ್ಮನ ಬಗ್ಗೆ? "ಮೃತನು 24 ವರ್ಷದ ಅವಿವಾಹಿತ ಯುವಕ."

"ಅಷ್ಟೇ. ವಯಸ್ಸು, ಮದುವೆ ಆಗಿರಲಿಲ್ಲ. ಅಷ್ಟೇ ಅವನು" ಅಂದರು.

ಪಕ್ಕದ ಟೇಬಲಿನಲ್ಲಿದ್ದ ಇನ್ನೊಬ್ಬರು "ಬಿಡಿ ಮೇಡಂ, ಹಳೇದೆಲ್ಲ ಯಾಕೆ ಈಗ" ಅಂದುಬಿಟ್ಟರು. ಈ ಮನುಷ್ಯ ಕೆಟ್ಟವರಲ್ಲ, ಕಷ್ಟಕ್ಕೆ ಆಗುವವರೇ. ಆದರೆ ಈ "ಬಿಡಿ" ಅನ್ನುವ ಮಾತು ನನಗೆ ಆಗುವುದಿಲ್ಲ. ನಮಗೆ ಕೇಳಲು ಕಷ್ಟ ಆಗುತ್ತೆ ಅಂತ ಅವರು ಬಿಡಬೇಕಾ? ಮೇಡಂ ತಕ್ಷಣ ಸುಮ್ಮನಾದರು. 19 ವರ್ಷದಲ್ಲಿ ಎಷ್ಟು ಸಲ ಹೀಗೆ ಸುಮ್ಮನಾಗಿರಬೇಕು ಅವರು.

ಸಂಜೆ ನಾನೇ ಹೋಗಿ ಅವರ ಪಕ್ಕ ಕೂತೆ. ಕ್ಷಮಿಸಿ ಅಂದೆ. ಯಾವುದಕ್ಕೆ ಅಂತ ಕೇಳಿದರು. ನನಗೆ ಸರಿಯಾಗಿ ಹೇಳಲು ಬರಲಿಲ್ಲ. ಆಗ ಅವರು ಕೈ ಮುಂದೆ ಚಾಚಿ ವಾಚು ತೋರಿಸಿದರು.

ಗಂಡಸರ ವಾಚು. ಅವರ ಕೈಗೆ ದೊಡ್ಡದು, ಜಾರುತ್ತಾ ಇರುತ್ತದೆ, ಮಾತಾಡುತ್ತಾ ಅದನ್ನು ಮೇಲಕ್ಕೆ ತಳ್ಳಿಕೊಳ್ಳುತ್ತಾ ಇರುತ್ತಾರೆ. ಆರು ವರ್ಷದಿಂದ ನೋಡುತ್ತಿದ್ದೇನೆ. ರಕ್ತದ ಕಲೆ, ಬೆರಳಚ್ಚು, ಗುಂಡಿ ಕಿತ್ತ ಅಂಗಿ ಅಂತ ಪುಸ್ತಕದಲ್ಲಿ ಒಂದೊಂದು ಸುಳಿವನ್ನೂ ಎರಡೆರಡು ಸಲ ಓದುವ ನಾನು, ಎದುರಿಗೆ ಕೂತವರ ಕೈಯಲ್ಲಿರುವ ವಾಚು ಯಾರದ್ದು ಅಂತ ಒಂದು ದಿನವೂ ಯೋಚಿಸಿರಲಿಲ್ಲ.

ಅದು ತಮ್ಮನದ್ದು. ಕೊಲೆಯಾದ ದಿನ ಅವನ ಕೈಯಲ್ಲಿತ್ತು. ಪೊಲೀಸರು ಮುದ್ದೆಮಾಲು ಅಂತ ತೆಗೆದುಕೊಂಡು ಹೋದರು. ಕೇಸು ಮುಗಿಯಲು ಒಂಬತ್ತು ವರ್ಷ ಹಿಡಿಯಿತು. ವಾಯಿದೆ ಮೇಲೆ ವಾಯಿದೆ. ಅಪ್ಪ ಪ್ರತಿ ವಾಯಿದೆಗೂ ಹೋಗುತ್ತಿದ್ದರು, ಹೋದಾಗಲೆಲ್ಲ ವಾಚು ಯಾವಾಗ ಕೊಡ್ತೀರಿ ಅಂತ ಕೇಳುತ್ತಿದ್ದರು. ಕೈಗೆ ಸಿಗುವ ಹೊತ್ತಿಗೆ ಅಪ್ಪನೇ ಇರಲಿಲ್ಲ. ಒಂದು ಕವರಿನಲ್ಲಿ ಹಾಕಿ, ಮೇಲೆ ನಂಬರ್ ಬರೆದು, ಸಹಿ ಹಾಕಿಸಿಕೊಂಡು ಕೊಟ್ಟರು. "ಸೆಲ್ ಹಾಕಿಸಿದೆ, ನಡೀತು. ಈಗಲೂ ಸರಿಯಾಗೇ ಟೈಮ್ ತೋರಿಸುತ್ತೆ" ಅಂದರು.

ಇದನ್ನು ಬರೆಯಲಾ ಅಂತ ಅವರನ್ನು ಕೇಳಿದೆ. ಕೇಸಿನ ವಿಷಯ ಬೇಡ, ಹೆಸರು ಬೇಡ, ವಾಚಿನ ವಿಷಯ ಬರೀರಿ ಅಂದರು. ಹಾಗಾಗಿ ಅದೆಲ್ಲ ಇಲ್ಲಿ ಇಲ್ಲ. ನಾನು ಓದುತ್ತಿದ್ದ ಪುಸ್ತಕದ ಹೆಸರನ್ನೂ ಹೇಳುವುದಿಲ್ಲ. ಆ ಹುಡುಗಿಯ ಮನೆಯವರನ್ನು ಯಾರಾದರೂ ಕೇಳಿದ್ದರೋ ಇಲ್ಲವೋ.

ಅವತ್ತು ರಾತ್ರಿ ನಿದ್ದೆ ಬರಲಿಲ್ಲ. ನನ್ನ ಕಪಾಟಿನ ಪುಸ್ತಕಗಳನ್ನೆಲ್ಲ ತೆಗೆದು ನೆಲದ ಮೇಲೆ ಹರಡಿಕೊಂಡು ನೋಡುತ್ತಾ ಹೋದೆ, ಸತ್ತವರು ಎಷ್ಟನೇ ಪುಟದಲ್ಲಿ ಸಾಯುತ್ತಾರೆ ಅಂತ. ಬಹಳಷ್ಟರಲ್ಲಿ ಮೊದಲ ಅಧ್ಯಾಯ ಮುಗಿಯುವಷ್ಟರಲ್ಲಿ ಅವರ ಕೆಲಸ ಮುಗಿದಿರುತ್ತದೆ. ಕೆಲವರು ಹೆಣವಾಗಿಯೇ ಪುಸ್ತಕದೊಳಗೆ ಬರುತ್ತಾರೆ. ಮುಖಪುಟದಲ್ಲಿ ಕೊಂದವನ ಫೋಟೋ. ಫೋಟೋಗಳ ಪುಟದಲ್ಲಿ ಸತ್ತವರದ್ದು ಒಂದು ಚಿಕ್ಕ ಚೌಕ, ಹೆಚ್ಚಾಗಿ ಶಾಲೆಯ ಗುಂಪು ಫೋಟೋದಿಂದ ಕತ್ತರಿಸಿದ್ದು, ಪಕ್ಕದವರ ಭುಜ ಕಾಣುತ್ತಿರುತ್ತದೆ.

ಇದು ಇವತ್ತಿನದ್ದಲ್ಲ. ಇಂಗ್ಲೆಂಡಿನ ಪೋಲ್‌ಸ್ಟೆಡ್ ಅನ್ನುವ ಹಳ್ಳಿಯಲ್ಲಿ 1827ರಲ್ಲಿ ಮರಿಯಾ ಮಾರ್ಟನ್ ಅನ್ನುವ ಹೆಂಗಸನ್ನು ವಿಲಿಯಂ ಕಾರ್ಡರ್ ಕೊಂದು ಒಂದು ಕಣಜದ ಮನೆಯೊಳಗೆ ಹೂತುಹಾಕಿದ. ಮದುವೆ ಆಗೋಣ ಬಾ ಅಂತ ಕರೆಸಿಕೊಂಡು ಕೊಂದಿದ್ದು. ಮರುವರ್ಷ ಅವನನ್ನು ಗಲ್ಲಿಗೆ ಹಾಕಿದರು. ಅವನ ಹೆಣದ ಚರ್ಮ ಸುಲಿದು, ಹದ ಮಾಡಿ, ಅದೇ ಕೇಸಿನ ವಿಚಾರಣೆಯ ಪುಸ್ತಕಕ್ಕೆ ಹೊದಿಕೆ ಹಾಕಿದರು. ಆ ಪುಸ್ತಕ ಈಗಲೂ ಬರಿ ಸೇಂಟ್ ಎಡ್ಮಂಡ್ಸ್ ಊರಿನ ಮ್ಯೂಸಿಯಂನಲ್ಲಿದೆ. ಇದನ್ನು ಹಿಂದೆ ಓದಿದಾಗ ಎಂಥ ವಿಚಿತ್ರ ಅಂತ ಸ್ನೇಹಿತರಿಗೆಲ್ಲ ಹೇಳಿಕೊಂಡು ತಿರುಗಿದ್ದೆ. ಮರಿಯಾಳ ಸಮಾಧಿಯ ಕಲ್ಲು ಏನಾಯಿತು ಅನ್ನುವುದೂ ಅಲ್ಲೇ ಇತ್ತು. ಅದು ಈ ವಾರ ನೆನಪಾಯಿತು. ನೋಡಲು ಬಂದ ಜನ ನೆನಪಿಗೆ ಇರಲಿ ಅಂತ ಒಂದೊಂದೇ ಚೂರು ಕೆತ್ತಿಕೊಂಡು ಹೋಗಿ ಹೋಗಿ, ಕಲ್ಲೇ ಉಳಿಯಲಿಲ್ಲ. ಆ ಕಣಜದ ಮನೆಯ ಹಲಗೆಗಳನ್ನೂ ಕಿತ್ತುಕೊಂಡು ಹೋದರು. ಕೊಂದವನು ಪುಸ್ತಕವಾಗಿ ಗಾಜಿನ ಪೆಟ್ಟಿಗೆಯೊಳಗೆ ಭದ್ರವಾಗಿದ್ದಾನೆ, ಸತ್ತವಳ ತಲೆಯ ಮೇಲೆ ಒಂದು ಕಲ್ಲು ನಿಲ್ಲಲಿಲ್ಲ. ಆ ಚೂರು ಒಯ್ದವರು ಎಂಥವರೋ ಅಂತ ಬೈಯಲು ಬಾಯಿ ತೆರೆದೆ, ಬರಲಿಲ್ಲ. ನನ್ನ ಸುತ್ತ ನೆಲದ ಮೇಲೆ 40 ಪುಸ್ತಕ ಇದ್ದವು.

ಟ್ರೂಮನ್ ಕಪೋಟಿಯ "ಇನ್ ಕೋಲ್ಡ್ ಬ್ಲಡ್" ಅನ್ನು ಮತ್ತೆ ತೆಗೆದೆ. ಈ ಬಗೆಯ ಪುಸ್ತಕ ಓದುವವರೆಲ್ಲ ಇದನ್ನು ಓದಿಯೇ ಇರುತ್ತಾರೆ. 1959ರ ನವೆಂಬರ್‌ನಲ್ಲಿ ಅಮೆರಿಕದ ಕ್ಯಾನ್ಸಸ್‌ನ ಹೋಲ್ಕಂಬ್‌ನಲ್ಲಿ ಕ್ಲಟರ್ ಕುಟುಂಬದ ನಾಲ್ವರ ಕೊಲೆ. ಅಪ್ಪ, ಅಮ್ಮ, ಮಗಳು, ಮಗ. ನ್ಯಾಯವಾಗಿ ಹೇಳಬೇಕು, ಕಪೋಟಿ ಅವರನ್ನು 11ನೇ ಪುಟಕ್ಕೆ ಸಾಯಿಸುವುದಿಲ್ಲ, ಅವರ ಕೊನೆಯ ದಿನವನ್ನು ಸಾಕಷ್ಟು ಉದ್ದಕ್ಕೆ ಬರೆಯುತ್ತಾನೆ, ಮಗಳು ನ್ಯಾನ್ಸಿ ಕಣ್ಣ ಮುಂದೆ ಓಡಾಡುತ್ತಾಳೆ. ಆದರೆ ಅವನ ಮನಸ್ಸು ಇದ್ದದ್ದು ಕೊಂದವರಲ್ಲಿ ಒಬ್ಬನಾದ ಪೆರಿ ಸ್ಮಿತ್ ಮೇಲೆ. 1965ರ ಏಪ್ರಿಲ್‌ನಲ್ಲಿ ಇಬ್ಬರನ್ನೂ ಗಲ್ಲಿಗೆ ಹಾಕುವವರೆಗೂ ಪುಸ್ತಕಕ್ಕೆ ಕೊನೆ ಇರಲಿಲ್ಲ, ಅವನು ಕಾದ. ಅಷ್ಟು ಕಾದ ಮೇಲೂ ಸ್ಮಶಾನದಲ್ಲಿ ನಡೆಯುವ ಕೊನೆಯ ದೃಶ್ಯವನ್ನು ಸ್ವತಃ ಕಟ್ಟಿ ಬರೆದ, ಅದು ನಡೆದೇ ಇರಲಿಲ್ಲ.

ಆ ಮನೆಯಲ್ಲಿ ಇನ್ನೂ ಇಬ್ಬರು ಹೆಣ್ಣುಮಕ್ಕಳಿದ್ದರು. ದೊಡ್ಡವರು, ಆಗಲೇ ಬೇರೆ ಕಡೆ ಇದ್ದರು, ಹಾಗಾಗಿ ಉಳಿದರು. ಒಬ್ಬಳ ಮದುವೆ ಮುಂದಿನ ತಿಂಗಳಿಗೆ ಗೊತ್ತಾಗಿತ್ತು. ಮಣ್ಣಿಗೆಂದು ಬಂದ ನೆಂಟರು ಹೇಗೂ ಸೇರಿದ್ದಾರೆ ಅಂತ ಅದೇ ವಾರ ಮದುವೆ ಮಾಡಿ ಮುಗಿಸಿದರು. ಇದು ಪುಸ್ತಕದಲ್ಲಿ ಇದೆ. ಎಷ್ಟು ಸಾಲು ಅಂದುಕೊಂಡಿದ್ದೀರಿ? ಓದುವಾಗ ಕಣ್ಣಿಗೆ ಸಿಗದೆ ಜಾರಿಹೋಗುವಷ್ಟು. ಅಪ್ಪ, ಅಮ್ಮ, ತಂಗಿ, ತಮ್ಮ ನಾಲ್ವರನ್ನೂ ಮಣ್ಣು ಮಾಡಿ ಅದೇ ವಾರ ಮದುವೆಯ ಬಟ್ಟೆ ಉಟ್ಟ ಆ ಹುಡುಗಿ, ಆಮೇಲೆ ಹೇಗೆ ಬದುಕಿದಳು? ಪ್ರತಿ ವರ್ಷ ಮದುವೆಯ ದಿನ ಬಂದಾಗ ಏನು ಮಾಡುತ್ತಿದ್ದಳು? ನನಗೆ ಈಗ ಓದಬೇಕು ಅನ್ನಿಸುವುದು ಆ ಪುಸ್ತಕ. ಅಕ್ಕ ತಂಗಿ ಇಬ್ಬರೂ ಎಷ್ಟೋ ವರ್ಷ ಬಾಯಿ ಬಿಡಲಿಲ್ಲ. ತಮ್ಮ ಅಮ್ಮನನ್ನು ಆ ಪುಸ್ತಕ ತೋರಿಸಿದ ರೀತಿ ಅವರಿಗೆ ನೋವು ಕೊಟ್ಟಿತ್ತು. ಅಮ್ಮ ಹಾಗಿರಲಿಲ್ಲ ಅಂತ ಲಕ್ಷಾಂತರ ಓದುಗರಿಗೆ ಹೋಗಿ ಹೇಳುವುದು ಹೇಗೆ?

ಇಷ್ಟೆಲ್ಲ ಹೇಳಿದೆ ಅಂತ ಈ ಪುಸ್ತಕಗಳನ್ನು ಸುಟ್ಟುಹಾಕಿ ಅನ್ನಲು ನನ್ನಿಂದ ಆಗುವುದಿಲ್ಲ. ಲಂಡನ್ನಿನಲ್ಲಿ ಟಿಮೊಥಿ ಇವಾನ್ಸ್ ಅನ್ನುವವನನ್ನು ಸ್ವಂತ ಮಗಳನ್ನು ಕೊಂದ ಅಂತ 1950ರಲ್ಲಿ ನೇಣಿಗೆ ಹಾಕಿದರು. ಅದೇ ಮನೆಯ ಕೆಳಗಿನ ಮಹಡಿಯಲ್ಲಿದ್ದ ಜಾನ್ ಕ್ರಿಸ್ಟಿ ಒಬ್ಬರಾದ ಮೇಲೆ ಒಬ್ಬರನ್ನು ಕೊಂದವನು ಅಂತ 1953ರಲ್ಲಿ ಬಯಲಾಯಿತು. ಇವಾನ್ಸ್‌ಗೆ ಆದದ್ದು ಅನ್ಯಾಯ ಅಂತ ಲೂಡೋವಿಕ್ ಕೆನಡಿ 1961ರಲ್ಲಿ ಪುಸ್ತಕ ಬರೆದ, ಜನ ಮಾತಾಡಿದರು, 1966ರಲ್ಲಿ ಸತ್ತವನಿಗೆ ಕ್ಷಮಾದಾನ ಸಿಕ್ಕಿತು. ಪುಸ್ತಕ ಇಲ್ಲದಿದ್ದರೆ ಅವನ ಹೆಸರು ಇವತ್ತಿಗೂ ಮಗಳನ್ನು ಕೊಂದವನು ಅಂತಲೇ ಇರುತ್ತಿತ್ತೇನೋ. ಆದರೂ ಮಗಳ ಹಾಗೆಯೇ ಆ ಮನೆಯಲ್ಲಿ ಕೊಲೆಯಾದ ಇವಾನ್ಸ್‌ನ ಹೆಂಡತಿ ಬೆರಿಲ್, 20 ವರ್ಷದವಳು, ಅವಳಿಗೆ ಏನು ಇಷ್ಟ, ಯಾವುದಕ್ಕೆ ನಗುತ್ತಿದ್ದಳು ಅಂತ ನನ್ನನ್ನು ಕೇಳಿದರೆ ಒಂದು ವಾಕ್ಯ ಬರುವುದಿಲ್ಲ. ಕ್ರಿಸ್ಟಿಯ ಬೋಳುತಲೆ, ಕನ್ನಡಕ, ಪಿಸುದನಿ ಎಲ್ಲ ಗೊತ್ತು.

ಒಂದೇ ಒಂದು ಪುಸ್ತಕ ಮೇಡಂ ಕೈಗೆ ಕೊಡಬಹುದು ಅನ್ನಿಸಿತು. ಹ್ಯಾಲಿ ರೂಬೆನ್‌ಹೋಲ್ಡ್ ಬರೆದ "ದ ಫೈವ್", 2019ರದ್ದು. 1888ರಲ್ಲಿ ಲಂಡನ್ನಿನಲ್ಲಿ ಐವರು ಹೆಂಗಸರನ್ನು ಕೊಂದವನಿಗೆ ಜ್ಯಾಕ್ ದ ರಿಪ್ಪರ್ ಅಂತ ಹೆಸರಿಟ್ಟು, ಅವನು ಯಾರು ಅಂತ ಜನ ಇವತ್ತಿಗೂ ಹುಡುಕುತ್ತಿದ್ದಾರೆ. ಈಕೆ ಅವನನ್ನು ಹುಡುಕುವುದಿಲ್ಲ. ಐವರ ಬದುಕು ಬರೆಯುತ್ತಾರೆ, ಕೊಲೆ ಹೇಗಾಯಿತು ಅನ್ನುವುದನ್ನು ಬರೆಯುವುದೇ ಇಲ್ಲ. ಕಮ್ಮಾರನ ಮಗಳು, ಕುದುರೆಗಾಡಿ ಓಡಿಸುವವನ ಹೆಂಡತಿ, ಸ್ವೀಡನ್ನಿನ ರೈತರ ಮನೆಯಿಂದ ಬಂದವಳು. ಐವರೂ ವೇಶ್ಯೆಯರು ಅಂತ 130 ವರ್ಷ ಎಲ್ಲರೂ ಬರೆದುಕೊಂಡು ಬಂದರು. ಮೂವರ ಮಟ್ಟಿಗೆ ಆ ಮಾತಿಗೆ ಆಧಾರವೇ ಇಲ್ಲ ಅನ್ನುವುದು ಈಕೆಯ ವಾದ. ಅವರಲ್ಲಿ ಕೇಟ್ ಎಡ್ಡೋಸ್ ಅನ್ನುವವಳು ಸಂಗಾತಿಯ ಜೊತೆ ಊರೂರು ತಿರುಗಿ ಲಾವಣಿಯ ಹಾಳೆ ಮಾರಿದವಳು. ಆ ಕಾಲದಲ್ಲಿ ಕೊಲೆ, ಗಲ್ಲು ಇವುಗಳ ಲಾವಣಿ ಜೋರಾಗಿ ಮಾರಾಟ ಆಗುತ್ತಿತ್ತು. ಕೊಲೆಯಾದ ರಾತ್ರಿ, ಅದಕ್ಕೆ ಸ್ವಲ್ಪ ಮುಂಚೆ, ಕುಡಿದಿದ್ದಾಳೆ ಅಂತ ಅವಳನ್ನು ಪೊಲೀಸ್ ಠಾಣೆಗೆ ತಂದಿದ್ದರು. ಹೆಸರೇನು ಅಂತ ಕೇಳಿದ್ದಕ್ಕೆ "ಏನೂ ಇಲ್ಲ" ಅಂದಳಂತೆ.

ಬುಧವಾರ ಆ ಪುಸ್ತಕ ತೆಗೆದುಕೊಂಡು ಹೋಗಿ ಮೇಡಂಗೆ ಕೊಟ್ಟೆ. ಹಿಂದೆ ಮುಂದೆ ತಿರುಗಿಸಿ ನೋಡಿದರು. "ಎಷ್ಟನೇ ಪುಟ?" ಅಂದರು. ಇದರಲ್ಲಿ ಅದು ಇಲ್ಲ ಮೇಡಂ ಅಂದೆ. ಚೀಲಕ್ಕೆ ಹಾಕಿಕೊಂಡರು.

ಗುರುವಾರ ಅವರು ರಜೆ. ಕೊಡಬಾರದಿತ್ತೇನೋ ಅಂತ ಇಡೀ ದಿನ ಕೆಲಸ ಓಡಲಿಲ್ಲ.

ನಿನ್ನೆ ಮಧ್ಯಾಹ್ನ ಬಂದು ಎದುರಿಗೆ ಕೂತರು. ಪುಸ್ತಕದ ಮಾತು ಎತ್ತಲಿಲ್ಲ. "ನೀವು ಅವತ್ತು ತಮ್ಮನ ಬಗ್ಗೆ ಏನೂ ಕೇಳಲೇ ಇಲ್ಲ" ಅಂದರು. ನಿಜ. ಕೇಸು ಎಷ್ಟು ವರ್ಷ ನಡೆಯಿತು, ಶಿಕ್ಷೆ ಎಷ್ಟಾಯಿತು ಅಂತ ಕೇಳಿದ್ದೆ. ತಮ್ಮ ಎಂಥವನು ಅಂತ ಕೇಳಿರಲಿಲ್ಲ. ಹೇಳಿ ಮೇಡಂ ಅಂದೆ.

ಹುಟ್ಟಿದಾಗಿನಿಂದ ಶುರು ಮಾಡಿದರು. ಏಳು ತಿಂಗಳಿಗೇ ಹುಟ್ಟಿದ್ದು, ಉಳಿಯುತ್ತಾನೆ ಅಂತ ಯಾರೂ ಅಂದುಕೊಂಡಿರಲಿಲ್ಲ. ಎಡಗೈಯಲ್ಲಿ ಬರೆಯುತ್ತಿದ್ದ. ಮೇಷ್ಟ್ರು ಹೊಡೆದು ಬಲಗೈಗೆ ತಿರುಗಿಸಿದರು, ಮನೆಗೆ ಬಂದು ಮತ್ತೆ ಎಡಗೈಯಲ್ಲೇ ಬರೆಯುತ್ತಿದ್ದ. ಹಾಳಾದ ರೇಡಿಯೋ ಬಿಚ್ಚುತ್ತಿದ್ದ, ಜೋಡಿಸಲು ಬರುತ್ತಿರಲಿಲ್ಲ, ಅಪ್ಪನಿಗೆ ಗೊತ್ತಾಗದ ಹಾಗೆ ಅಕ್ಕನ ಮಂಚದ ಕೆಳಗೆ ಬಚ್ಚಿಡುತ್ತಿದ್ದ. ಕತ್ತಲು ಅಂದರೆ ಭಯ. ಆದರೆ ಯಾರಾದರೂ ಭಯನಾ ಅಂತ ಕೇಳಿದರೆ ಜೋರಾಗಿ ಹಾಡು ಹೇಳಿಕೊಂಡು ಹಿತ್ತಲಿಗೆ ಹೋಗಿ ಬರುತ್ತಿದ್ದ. ಹೇಳುತ್ತಾ ಒಂದು ಸಲ ನಕ್ಕರು, ಬಾಯಿಗೆ ಸೆರಗು ಹಿಡಿದುಕೊಂಡು. ಅವರು ಹಾಗೆ ನಕ್ಕಿದ್ದನ್ನು ನಾನು ಆರು ವರ್ಷದಲ್ಲಿ ನೋಡಿರಲಿಲ್ಲ. ಅವತ್ತು "ಬಿಡಿ" ಅಂದವರು ಕುರ್ಚಿ ಎಳೆದುಕೊಂಡು ಬಂದು ಕೂತಿದ್ದರು.

ಬಿಡುವು ಮುಗಿಯಿತು. ಮೇಡಂ ವಾಚನ್ನು ಮೇಲಕ್ಕೆ ತಳ್ಳಿಕೊಂಡು ಟೈಮ್ ನೋಡಿ ಎದ್ದರು.

"ಉಳಿದದ್ದು ಸೋಮವಾರ ಹೇಳ್ತೀನಿ. ಅವನು ಇನ್ನೂ ಎಂಟನೇ ಕ್ಲಾಸಿಗೆ ಬಂದಿದ್ದಾನೆ ಅಷ್ಟೇ."