ವಾಯುಪಡೆ ದಿನದ ಚಾರ್ಟ್ ಬರೆಯುವವರಿಗೆ

ಅಕ್ಟೋಬರ್ 8 ಹತ್ತಿರ ಬಂತು. ಶಿವಮೊಗ್ಗ, ಸಾಗರ, ತೀರ್ಥಹಳ್ಳಿ ಕಡೆಯ ಮೇಷ್ಟ್ರುಗಳೇ, ಟೀಚರುಗಳೇ, ಮಕ್ಕಳ ಕೈಯಲ್ಲಿ ವಾಯುಪಡೆಯ ಚಾರ್ಟ್ ಬರೆಸುವಾಗ ಅದರ ಗುರುತಾದ ವೃತ್ತದ ಬಣ್ಣದ ಕ್ರಮ ನೋಡಿಕೊಳ್ಳಿ. ಹೊರಗಿನ ಬಳೆ ಕೇಸರಿ, ನಡುವೆ ಬಿಳಿ, ಒಳಗೆ ತುಂಬಿದ ಹಸಿರು. ಇದು ತಿರುಗುಮುರುಗಾದರೆ ನಮ್ಮ ಗುರುತೇ ಅಲ್ಲ. ಬಿಳಿಗೆ ಬಣ್ಣ ಬೇಡ, ಹಾಳೆಯನ್ನೇ ಬಿಡಿ. ಮಲೆನಾಡಿನ ತೇವಕ್ಕೆ ವಾಟರ್ ಕಲರ್ ಬೇಗ ಒಣಗಲ್ಲ. ಹಸಿರು ಪೂರ್ತಿ ಒಣಗಿದ ಮೇಲೇ ಕೇಸರಿ ಮುಟ್ಟಿ, ಇಲ್ಲದಿದ್ದರೆ ಅಂಗೈ ತಾಗಿ ಬಿಳಿ ಭಾಗವೆಲ್ಲ ಕಲೆ.

ಧ್ವಜದ ಬಟ್ಟೆ ತಿಳಿನೀಲಿ. ಕಂಬದ ಕಡೆ ಮೇಲ್ಮೂಲೆಯಲ್ಲಿ ತ್ರಿವರ್ಣ, ಎದುರು ಬದಿಯಲ್ಲಿ ಕೆಳಗೆ ಈ ವೃತ್ತ. 2023ರಿಂದ ಬಲ ಮೇಲ್ಮೂಲೆಗೆ ಲಾಂಛನವೂ ಬಂದಿದೆ: ಮೇಲೆ ಅಶೋಕ ಸಿಂಹ, ಕೆಳಗೆ ರೆಕ್ಕೆ ಬಿಚ್ಚಿದ ಹಿಮಾಲಯದ ಹದ್ದು. ಹಳೇ ಪುಸ್ತಕ ನೋಡಿ ಬರೆದರೆ ಇದೇ ಬಿಟ್ಟುಹೋಗೋದು.

ವಾಯುಪಡೆಯ ಧ್ಯೇಯವಾಕ್ಯ ‘ನಭಃ ಸ್ಪೃಶಂ ದೀಪ್ತಮ್’ ಗೀತೆಯ 11ನೇ ಅಧ್ಯಾಯ, 24ನೇ ಶ್ಲೋಕದ್ದು. ವಿಶ್ವರೂಪ ಕಂಡು ಧೈರ್ಯಗೆಟ್ಟ ಅರ್ಜುನ ಆಡಿದ ಮಾತು. ಯುದ್ಧಕ್ಕೆ ಹೋಗುವವರ ಧ್ಯೇಯವಾಕ್ಯ ಅಬ್ಬರದ ಘೋಷಣೆಯಾಗದೆ, ನಡುಗಿದವನ ಬಾಯಿಂದ ಬಂದಿದೆ ಅನ್ನೋದು ನನಗೆ ತುಂಬಾ ದೊಡ್ಡದಾಗಿ ಕಾಣುತ್ತೆ. ಸಾಧ್ಯವಾದರೆ ಮಕ್ಕಳಿಗೆ ಇಡೀ ಶ್ಲೋಕ ಓದಿಸಿ.

ಸೆಲ್ಯೂಟ್ ಮಾಡಿಸುವವರಿಗೂ ಒಂದು ಮಾತು. ಭೂಸೇನೆಯಲ್ಲಿ ಅಂಗೈ ಎದುರಿನವರಿಗೆ ಕಾಣಬೇಕು, ನೌಕಾಪಡೆಯಲ್ಲಿ ನೆಲದ ಕಡೆ ತಿರುಗಿರಬೇಕು. ವಾಯುಪಡೆಯದು 2006ರಿಂದ ಇವೆರಡರ ನಡುವೆ, 45 ಡಿಗ್ರಿ ಓರೆ.