ಟೋಪಿ ಎದ್ರೆ ಸಾಕು

ಮೂರು ವಾರದಿಂದ ನಮ್ಮನೇಲಿ ಒಂದೇ ಸಿನಿಮಾ. ನೆದರ್‌ಲ್ಯಾಂಡ್ಸ್‌ನ ಐಂಡ್‌ಹೋವನ್‌ಗೆ ಬಂದು ನಾಲ್ಕು ವರ್ಷ ಆಯ್ತು, ಡಚ್ ಕಲೀತೀನಿ ಕಲೀತೀನಿ ಅಂತ ಮುಂದಕ್ಕೆ ಹಾಕ್ಕೊಂಡೇ ಬಂದೆ, ಈಗ ಎರಡೂವರೆ ವರ್ಷದ ಮಗಳ ದಯೆಯಿಂದ ಕಬೌಟರ್‌ಗಳು ಪಾಠ ಮಾಡ್ತಿದಾರೆ. ಕಬೌಟರ್ ಅಂದ್ರೆ ಕಾಡಲ್ಲಿರೋ ಚೂಪು ಟೋಪಿ ಕುಳ್ಳರು, ಇಲ್ಲಿ ಮನೆ ಮುಂದಿನ ತೋಟಗಳಲ್ಲಿ ಬೊಂಬೆ ಇಟ್ಟಿರ್ತಾರಲ್ಲ, ಅವೇ.

ಇವಳಿಗೆ ಹುಚ್ಚು ಹಿಡಿಸಿರೋದು ಕಬೌಟರ್ ಪ್ಲಾಪ್. ಬೆಲ್ಜಿಯಂನ ಸ್ಟುಡಿಯೋ 100 ಅವ್ರು 1997ರಲ್ಲಿ ಟಿವಿಗೆ ಶುರು ಮಾಡಿದ್ದು, 1999ರಲ್ಲಿ ಮೊದಲ್ನೇ ಸಿನಿಮಾ, ಆಮೇಲೆ ಸಾಲುಸಾಲು. ಕಾರ್ಟೂನ್ ಅಲ್ಲ, ದೊಡ್ಡೋರೇ ವೇಷ ಹಾಕ್ಕೊಂಡು ಮಾಡಿರೋದು, ನಮ್ಮ ಊರ ಶಾಲೆ ವಾರ್ಷಿಕೋತ್ಸವದ ನಾಟಕ ನೆನಪಾಗುತ್ತೆ. ಪ್ಲಾಪ್ ಪಾತ್ರ ಮಾಡಿರೋ ವಾಲ್ಟರ್ ಡಿ ಡೊಂಡರ್ ಅಫ್ಲಿಗೆಮ್ ಅನ್ನೋ ಊರಿಗೆ ಮೇಯರ್ ಕೂಡ ಆದವ್ರು, ಅದು ಗೊತ್ತಾದ್ಮೇಲೆ ನಂಗೆ ಸಿನಿಮಾ ನೋಡೋಕೇ ಆಗ್ತಿಲ್ಲ, ನಗು ಬರುತ್ತೆ.

ಕಥೆ ಅಂತ ಹೇಳ್ಕೊಳೋಕೆ ಜಾಸ್ತಿ ಏನಿಲ್ಲ. ಪ್ಲಾಪ್‌ದು ಒಂದು ಹಾಲಿನಂಗಡಿ, ಎಲ್ರೂ ಅಲ್ಲಿಗೆ ಬರ್ತಾರೆ, ಜಗಳ ಆಡ್ತಾರೆ, ರಾಜಿ ಆಗ್ತಾರೆ, ಹಾಡ್ತಾರೆ. ಹೆಸರೇ ಸ್ವಭಾವ, ಡಚ್‌ನಲ್ಲಿ ಕ್ಲುಸ್ ಅಂದ್ರೆ ಸಣ್ಣಪುಟ್ಟ ರಿಪೇರಿ ಕೆಲಸ, ಲೌಯ್ ಅಂದ್ರೆ ಸೋಮಾರಿ, ಕ್ವೆಬ್ಬೆಲ್ ಅಂದ್ರೆ ಹರಟೆ. ಹಾಸನದಿಂದ ಬಂದಿರೋ ಅಮ್ಮಂಗೆ ಒಂದಕ್ಷರ ಡಚ್ ಬರಲ್ಲ, ಅರ್ಧ ಸಿನಿಮಾ ನೋಡೋಷ್ಟ್ರಲ್ಲಿ ಅವ್ರೇ ನಾಮಕರಣ ಮಾಡಿ ಮುಗ್ಸಿದ್ರು: ಆಚಾರಿ, ಕುಂಭಕರ್ಣ, ಬಾಯಿಬಡಕಿ. ಮೂರೂ ಸರಿ!

ಆದ್ರೆ ಮಗಳು ನೋಡೋದು ಟೋಪಿನ. ಗಾಬರಿ ಆದ್ರೆ, ಆಶ್ಚರ್ಯ ಆದ್ರೆ ಟೋಪಿ ತುದಿ ಟಕ್ ಅಂತ ಮೇಲಕ್ಕೇಳುತ್ತೆ. ಮಾತು ಅರ್ಥ ಆಗ್ಲಿ ಬಿಡ್ಲಿ, ಮುಖನ ಗಡ್ಡ ಮುಚ್ಕೊಂಡಿರ್ಲಿ, ಒಳಗೇನೋ ಆಯ್ತು ಅಂತ ಅವಳಿಗೆ ತಿಳಿದ್ಹೋಗುತ್ತೆ. ಈಗೀಗ ಅದಕ್ಕೂ ಒಂದು ಕ್ಷಣ ಮುಂಚೇನೇ ತನ್ನ ತಲೆ ಮೇಲೆ ಕೈ ಚೂಪು ಮಾಡ್ಕೊಂಡು ಕಾಯ್ತಾಳೆ, ಟೋಪಿ ಎದ್ದ ತಕ್ಷಣ ನಮ್ಮಿಬ್ರ ಕಡೆ ತಿರುಗಿ ನೋಡ್ತಾಳೆ, ನಾನು ಹೇಳಿರ್ಲಿಲ್ವಾ ಅನ್ನೋ ಥರ. ಹದಿನೈದ್ನೇ ಸಲ ನೋಡೋದ್ರ ಸುಖ ಇದೇ ಇರ್ಬೇಕು, ಮುಂದೇನಾಗುತ್ತೆ ಅಂತ ಗೊತ್ತಿರೋದು. ಮೊದಲೆಲ್ಲ ಫೋನಲ್ಲಿ ರೈಮ್ಸ್ ಹಾಕ್ತಿದ್ವಿ, ಎರಡು ಸೆಕೆಂಡ್‌ಗೊಂದು ಸೀನ್, ಕಿವಿ ಹರಿಯೋ ಮ್ಯೂಸಿಕ್, ಆಫ್ ಮಾಡಿದ್ರೆ ರಂಪ. ಇದು ಮುಗಿದ್ರೆ ಟಾಟಾ ಮಾಡಿ ಎದ್ದು ಹೋಗ್ತಾಳೆ.

‘ಅಲ್ಲ ಕಣೋ, ಇಷ್ಟೊತ್ತಾದ್ರೂ ಒಬ್ಬ ರಾಕ್ಷಸನೂ ಬರ್ಲಿಲ್ವಲ್ಲೋ?’ ಅಂದ್ರು ಅಮ್ಮ ಮೊನ್ನೆ. ಇಲ್ಲಮ್ಮ, ಜಗಳ ಆಯ್ತಲ್ಲ, ಅಷ್ಟೇ ಅಂದೆ.

ಇದನ್ನ ನೋಡಿ ಹಾಲು ಕುಡಿಯೋದು ಕಲೀತಾಳೆ ಅನ್ಕೊಂಡಿದ್ದೆ, ಎಲ್ಲಿ ಬಂತು. ಲೋಟ ಎತ್ತಿ ಅಜ್ಜಿ ಲೋಟಕ್ಕೆ ತಾಗಿಸ್ತಾಳೆ, ‘ಪ್ಲಾಪ್‌ಮೆಲ್ಕ್’ (ಪ್ಲಾಪ್ ಹಾಲು) ಅಂತಾಳೆ, ಕೆಳಗಿಡ್ತಾಳೆ. ತಣ್ಣಗಾದ ಹಾಲು ದಿನಾ ಅಮ್ಮನೇ ಕುಡೀತಿದಾರೆ.