ಅಪ್ಪ ನೋಡಿದ ಬ್ರೆಸ್ಸನ್ ಸಿನಿಮಾ

ಕಳೆದ ಮಳೆಗಾಲದ ಒಂದು ಭಾನುವಾರ. ಲ್ಯಾಪ್‌ಟಾಪಿನಲ್ಲಿ ಫ್ರೆಂಚ್ ನಿರ್ದೇಶಕ ರಾಬರ್ಟ್ ಬ್ರೆಸ್ಸನ್‌ನ ‘ಲಾರ್ಜಾಂ’ ಹಾಕಿಕೊಂಡು ಕೂತಿದ್ದೆ. ಅಪ್ಪ ಕಾಫಿ ಲೋಟ ಹಿಡಿದು ಪಕ್ಕಕ್ಕೆ ಬಂದರು. ಲಾರ್ಜಾಂ ಅಂದರೆ ದುಡ್ಡು ಅಂತ ಹೇಳಿದೆ. “ದುಡ್ಡಿನ ಕಥೆ ಆದ್ರೆ ನಂಗೂ ಅರ್ಥ ಆಗುತ್ತೆ ಬಿಡು” ಅಂದು ಕೂತೇಬಿಟ್ಟರು. ತಿಪಟೂರಿನಲ್ಲಿ ಮೂವತ್ತು ವರ್ಷ ಕಿರಾಣಿ ಅಂಗಡಿ ನಡೆಸಿದವರು. ನಾನು ಸಬ್‌ಟೈಟಲ್ ಓದಿ ಕನ್ನಡದಲ್ಲಿ ಹೇಳುತ್ತಾ ಹೋದೆ.

ಬ್ರೆಸ್ಸನ್ ಹುಟ್ಟಿದ್ದು 1901ರಲ್ಲಿ. 1943ರಿಂದ 1983ರವರೆಗೆ ತೆಗೆದದ್ದು 13 ಚಿತ್ರಗಳು ಮಾತ್ರ. ಅವುಗಳಲ್ಲಿ ಕೆಲವಕ್ಕೆ ಆಧಾರ ಸಾಹಿತ್ಯ: ಫ್ರೆಂಚ್ ಲೇಖಕ ದಿದೆರೋನ ಕಾದಂಬರಿಯ ಒಂದು ಎಳೆ, ಇನ್ನೊಬ್ಬ ಫ್ರೆಂಚ್ ಲೇಖಕ ಬೆರ್ನಾನೋಸ್‌ನ ಎರಡು ಕಾದಂಬರಿ, ದೊಸ್ತೊಯೆವ್‌ಸ್ಕಿಯ ಎರಡು ಕಥೆ, ಕೊನೆಗೆ ಟಾಲ್‌ಸ್ಟಾಯ್. ದೊಡ್ಡ ಸಾಹಿತ್ಯ ಕೈಗೆತ್ತಿಕೊಂಡವರು ಸಾಮಾನ್ಯವಾಗಿ ಸೆಟ್ಟು, ಉಡುಪು, ಸಂಗೀತ ಅಂತ ಸೇರಿಸುತ್ತಾ ಹೋಗುತ್ತಾರೆ. ಈತ ತೆಗೆಯುತ್ತಾ ಹೋದ. ನಟನೆಯನ್ನೂ ತೆಗೆದ. ಸಿನಿಮಾ ಗೊತ್ತಿಲ್ಲದವರನ್ನು ಕರೆತಂದು, ಅಭಿನಯದ ಸುಳಿವೂ ಉಳಿಯದಷ್ಟು ಸಲ ಅದೇ ಮಾತು, ಅದೇ ಚಲನೆ ಮಾಡಿಸುತ್ತಿದ್ದ. ಮುಖಕ್ಕಿಂತ ಕೈಗಳೇ ಜಾಸ್ತಿ ಮಾತಾಡುತ್ತವೆ.

‘ಲಾರ್ಜಾಂ’ ಟಾಲ್‌ಸ್ಟಾಯ್‌ನ ‘ಖೋಟಾ ಕೂಪನ್’ ಆಧರಿಸಿದ್ದು. ರಷ್ಯಾದಲ್ಲಿ ಆಗ ದುಡ್ಡಿನ ಹಾಗೆ ಓಡುತ್ತಿದ್ದ ಕೂಪನ್ ಇಲ್ಲಿ ಪ್ಯಾರಿಸ್‌ನ 500 ಫ್ರಾಂಕ್ ನೋಟು. ಶಾಲೆ ಹುಡುಗರಿಬ್ಬರು ಅದನ್ನು ಫೋಟೊ ಅಂಗಡಿಯಲ್ಲಿ ಚಲಾಯಿಸುತ್ತಾರೆ. ಅಂಗಡಿಯವನಿಗೆ ಖೋಟಾ ಅಂತ ಗೊತ್ತಾಗುತ್ತದೆ. ಹೀಟರ್‌ಗೆ ಎಣ್ಣೆ ತುಂಬಿಸಲು ಬಂದ ಇವೋನ್ ಎಂಬ ಕೆಲಸಗಾರನಿಗೆ ದಾಟಿಸಿಬಿಡುತ್ತಾನೆ. ಇವೋನ್ ಅನುಮಾನಪಡುವುದಿಲ್ಲ.

“ಸ್ವಲ್ಪ ನಿಲ್ಸಮ್ಮ” ಅಂದರು ಅಪ್ಪ.

ನಿಲ್ಲಿಸಿದೆ. ಕಾಫಿ ಆರಿಹೋಗಿತ್ತು.

“ನಾನೂ ಒಂದ್ಸಲ ಹೀಗೇ ಮಾಡಿದ್ದೀನಿ. ನೂರು ರೂಪಾಯಿ ನೋಟು. ಸಂಜೆ ಗಲ್ಲಾಪೆಟ್ಟಿಗೆ ಎಣಿಸ್ವಾಗ ಗೊತ್ತಾಯ್ತು. ನೂರು ಅಂದ್ರೆ ಆಗ ಸಣ್ಣ ದುಡ್ಡಲ್ಲ. ಮಾರನೇ ದಿನ ಮೂಟೆ ಇಳಿಸೋಕೆ ಬಂದ ಹಮಾಲಿಗೆ ಕೂಲಿ ಜೊತೆ ಸೇರಿಸಿ ಕೊಟ್ಬಿಟ್ಟೆ. ಅವನು ನೋಡ್ಲೂ ಇಲ್ಲ, ಮಡಚಿ ಜೇಬಿಗೆ ಇಟ್ಕೊಂಡ. ಆಮೇಲೆ ನಮ್ಮ ಅಂಗಡಿ ಕಡೆ ಬರ್ಲೇ ಇಲ್ಲ.”

ಇಷ್ಟು ವರ್ಷದಲ್ಲಿ ಅಮ್ಮನಿಗೂ ಹೇಳಿರಲಿಲ್ಲವಂತೆ. ನನಗೆ ಏನು ಹೇಳಬೇಕೋ ತೋಚಲಿಲ್ಲ. ಸುಮ್ನೆ ಅವರ ಕೈ ಹಿಡಿದುಕೊಂಡೆ. ಸ್ವಲ್ಪ ಹೊತ್ತಾದ ಮೇಲೆ ಅವರೇ “ಹಾಕು” ಅಂದರು.

ಇವೋನ್ ಕೆಲಸ ಕಳೆದುಕೊಳ್ಳುತ್ತಾನೆ, ದರೋಡೆಕೋರರ ಕಾರು ಓಡಿಸಿ ಜೈಲು ಸೇರುತ್ತಾನೆ. ಮಗಳು ಸಾಯುತ್ತಾಳೆ, ಹೆಂಡತಿ ದೂರವಾಗುತ್ತಾಳೆ. ಹೊರಬಂದವನು ಕೊಲೆಗಾರ. ಅವನಿಗೆ ಆಸರೆ ಕೊಡುವ ನರೆಗೂದಲಿನ ಹೆಂಗಸಿಗೆ ಅವಳ ಅಪ್ಪ ಕೆನ್ನೆಗೆ ಹೊಡೆಯುತ್ತಾನೆ. ಆ ಏಟು ನಮಗೆ ಕಾಣುವುದಿಲ್ಲ. ಕೈಯಲ್ಲಿದ್ದ ಕಾಫಿ ತುಳುಕುವುದಷ್ಟೇ ಕಾಣುತ್ತದೆ. ಇಂಥ ಒಂದು ಶಾಟ್‌ಗಾಗಿ ನಾನು ಬ್ರೆಸ್ಸನ್‌ನನ್ನು ಎಷ್ಟು ಸಲ ಬೇಕಾದರೂ ನೋಡುತ್ತೇನೆ. ಅವಳನ್ನೂ ಕೊಂದು, ಇವೋನ್ ಪೊಲೀಸರ ಮುಂದೆ ತಪ್ಪೊಪ್ಪಿಕೊಳ್ಳುತ್ತಾನೆ. ಅವನನ್ನು ಕರೆದೊಯ್ದ ಮೇಲೂ ಜನ ಆ ಖಾಲಿ ಬಾಗಿಲಿನ ಒಳಗೇ ನೋಡುತ್ತಿರುತ್ತಾರೆ. ಅಲ್ಲಿಗೆ ಮುಗಿಯಿತು.

“ಇಷ್ಟೇನಾ?” ಅಂದರು ಅಪ್ಪ.

ಟಾಲ್‌ಸ್ಟಾಯ್‌ನಲ್ಲಿ ಇಷ್ಟೇ ಅಲ್ಲ. ಎರಡನೇ ಭಾಗದಲ್ಲಿ ಕೊಲೆಗಾರ ಬದಲಾಗುತ್ತಾನೆ. ಕೆಡುಕು ಕೈಯಿಂದ ಕೈಗೆ ಹೋದ ಹಾಗೇ ಒಳ್ಳೆಯದೂ ಹೋಗುತ್ತದೆ. ಬ್ರೆಸ್ಸನ್ ಅದನ್ನೆಲ್ಲ ಬಿಟ್ಟ. ತಪ್ಪೊಪ್ಪಿಗೆಯ ಹೊಸ್ತಿಲಲ್ಲೇ ಸಿನಿಮಾ ನಿಲ್ಲಿಸಿದ. ನನಗೆ ಅದು ಸರಿ ಅನ್ನಿಸಿತ್ತು. ಆ ದಿನ ಮಾತ್ರ, ಅಪ್ಪನ ಮುಖ ನೋಡಿ, ಉಳಿದದ್ದನ್ನೂ ತೋರಿಸಬೇಕಿತ್ತು ಅನ್ನಿಸಿತು. ರಾತ್ರಿ ಪುಸ್ತಕ ತೆಗೆದು ಎರಡನೇ ಭಾಗ ಪೂರ್ತಿ ಓದಿ ಹೇಳಿದೆ.

ಕಣ್ಣು ಮುಚ್ಚಿ ಕೇಳಿದರು. ಮುಗಿದ ಮೇಲೆ ಒಂದೇ ಪ್ರಶ್ನೆ: “ಇದ್ರಲ್ಲಿ ಆ ನೋಟು ಯಾರ ಕೈಗೆ ಹೋಗಿದ್ದು? ಅವನೇನಾದ?”

ಟಾಲ್‌ಸ್ಟಾಯ್‌ನಲ್ಲಿ ಅವನು ಆ ಕೊಲೆಗಾರನಲ್ಲ, ಬೇರೊಬ್ಬ, ಸೌದೆ ಮಾರುವ ರೈತ. ಆಮೇಲೆ ಕುದುರೆ ಕದಿಯಲು ಇಳಿದ. ಊರವರು ಹೊಡೆದು ಕೊಂದರು. ಅದನ್ನೂ ಹೇಳಿದೆ. ಮುಚ್ಚಿಡಲು ಮನಸ್ಸಾಗಲಿಲ್ಲ.

ಅಪ್ಪ ಏನೂ ಅನ್ನಲಿಲ್ಲ. ಊಟಕ್ಕೆ ಕೂತಾಗಲೂ ಆ ಹಮಾಲಿಯ ಹೆಸರು ನೆನಪು ಮಾಡಿಕೊಳ್ಳಲು ನೋಡುತ್ತಲೇ ಇದ್ದರು.